ಶಬ್ದವಿಲ್ಲದ ಸಿನಿಮಾಕ್ಕೆ ಆಸ್ಟಿನ್‌ವರೆಗೆ

ಇಪ್ಪತ್ತು ವರ್ಷದ ಹಿಂದೆ ತಂಗಿ ವನಜಾ ಹ್ಯೂಸ್ಟನ್‌ನಿಂದ ಫೋನ್ ಮಾಡಿದಾಗ ನಾನು ಅವಳಿಗೆ ಉತ್ತರ ಕೊಡಲಿಲ್ಲ. ಗಂಡ ಬಿಟ್ಟುಹೋಗಿದ್ದ, ಕೈಯಲ್ಲಿ ಕಾಸಿರಲಿಲ್ಲ, ಮಗುವಿಗೆ ಜ್ವರ. "ಅಕ್ಕ, ನಿಮ್ಮನೇಗೆ ಬರ್ಲಾ?" ಎಂದಳು. ಎದುರಿಗೆ ನಮ್ಮ ಯಜಮಾನರು ಕೂತಿದ್ದರು. "ಹಲೋ, ಹಲೋ, ಕೇಳಿಸ್ತಿಲ್ಲ" ಎಂದು ಇಟ್ಟುಬಿಟ್ಟೆ. ಅವಳು ಮೋಟೆಲ್ ಕೋಣೆಗಳನ್ನು ಗುಡಿಸಿ ಆ ಮಗುವನ್ನು ಸಾಕಿದಳು. ಆಮೇಲೆ ಎಷ್ಟೋ ಸಲ ಮಾತಾಡಿದ್ದೇವೆ. ಆ ಫೋನಿನ ವಿಷಯ ಇಬ್ಬರೂ ಎತ್ತಿಲ್ಲ.

ಹೋದ ತಿಂಗಳು ಆ ಮಗು, ಈಗ ಆಸ್ಟಿನ್‌ನಲ್ಲಿ ಓದುತ್ತಿರುವ ನಿಧಿ, ತಾನು ಕೆಲಸ ಮಾಡುವ ಥಿಯೇಟರಿಗೆ ನಮ್ಮಿಬ್ಬರನ್ನೂ ಕರೆದಳು. ನಾನು ಅಡುಗೆ ಕೆಲಸ ಮಾಡಿಕೊಂಡಿರುವ ಫ್ರಿಸ್ಕೋ ಡಲ್ಲಾಸಿನ ಪಕ್ಕದ ಊರು. ಡಲ್ಲಾಸಿನಿಂದ ಬೆಳಿಗ್ಗೆ ಒಂಬತ್ತರ ಬಸ್ಸು, ಟಿಕೆಟ್ ಮೂವತ್ತೆರಡು ಡಾಲರ್. ಚಪಾತಿ, ಚಟ್ನಿಪುಡಿ ಕಟ್ಟಿಕೊಂಡಿದ್ದೆ. ವೇಕೋದಲ್ಲಿ ಬಸ್ಸು ನಿಂತಾಗ, ಸೊಂಟದ ಮೇಲೆ ಕೂಸಿಟ್ಟುಕೊಂಡ ಹೆಂಗಸೊಬ್ಬಳು ನನ್ನ ಕಿಟಕಿಯ ಹೊರಗೆ ನಿಂತು ಏನೋ ಹೇಳುತ್ತಿದ್ದಳು. ದಪ್ಪ ಗಾಜು, ತುಟಿ ಆಡುವುದಷ್ಟೇ ಕಾಣುತ್ತಿತ್ತು. ಹಿಂದಿನವರಿಗೆ ಹೇಳುತ್ತಿರಬೇಕೆಂದು ತಿರುಗಿ ನೋಡಿದೆ. ಹಿಂದಿನ ಸೀಟುಗಳು ಖಾಲಿ. ಬಸ್ಸು ಹೊರಟರೂ ಅವಳ ತುಟಿ ನಿಲ್ಲಲಿಲ್ಲ.

ಆಸ್ಟಿನ್‌ನಲ್ಲಿ ಮೈ ಸುಡುವ ಬಿಸಿಲು. ವನಜಾ ಕಾರು ತಂದು ಕಾಯುತ್ತಿದ್ದಳು. "ಏನಕ್ಕ, ಇಷ್ಟು ಇಳಿದುಹೋಗಿದೀಯ? ಫ್ರಿಸ್ಕೋದೋರಿಗೆಲ್ಲ ಅಡುಗೆ ಮಾಡಿ ಹಾಕ್ತೀಯ, ನೀನು ಉಣ್ಣಲ್ವಾ?" ಎಂದಳು.

ಥಿಯೇಟರಿನಲ್ಲಿ ಹಾಕಿದ್ದು ಜಪಾನಿನ ಹಳೆಯ ಚಿತ್ರ. ಶಬ್ದವೇ ಇಲ್ಲ, ಸಂಗೀತವೂ ಇಲ್ಲ. ನಡುನಡುವೆ ಇಂಗ್ಲಿಷ್ ಬರಹ. "ದೊಡ್ಡಮ್ಮ, ಡೋಂಟ್ ವರಿ, ನೋ ಡೈಲಾಗ್ಸ್" ಎಂದು ನಿಧಿ ನಕ್ಕಳು. ನಾನು ಓದಿದ್ದು ಆರನೇ ಕ್ಲಾಸು. ಬರಹ ಬಂದಾಗಲೆಲ್ಲ ವನಜಾ ನನ್ನ ಕಿವಿಯಲ್ಲಿ ಕನ್ನಡದಲ್ಲಿ ಹೇಳುತ್ತಿದ್ದಳು. ಒಬ್ಬ ತಾಯಿ ಮಗುವಿನ ಗಂಜಿಗಾಗಿ ಊರವರ ಬಟ್ಟೆ ಒಗೆಯುತ್ತಾಳೆ. ಕಡೆಗೊಂದು ದಿನ ಮಗುವನ್ನು ಬೆನ್ನಿಗೆ ಕಟ್ಟಿಕೊಂಡು ಒಂದು ಮನೆಯ ಬಾಗಿಲಿಗೆ ಬಂದು ನಿಂತಳು. ಬಾಯಿ ತೆರೆದಳು. "ಅಕ್ಕ, ಬಾಗಿಲು ತೆಗಿ" ಎಂದು ನನ್ನ ಕಿವಿಯ ಹತ್ತಿರ ಕೇಳಿಸಿತು. ಯಾರೂ ಬಾಗಿಲು ತೆಗೆಯಲಿಲ್ಲ.

ಅಲ್ಲಿಂದ ಹ್ಯೂಸ್ಟನ್‌ಗೆ, ವನಜಾಳ ಮನೆಗೆ, ಕಾರಿನಲ್ಲಿ ಸುಮಾರು ಮೂರು ಗಂಟೆ. ಅರ್ಧ ದಾರಿಯಲ್ಲಿ ನಾನೇ ಮಾತು ತೆಗೆದೆ. "ಆ ತಾಯಿ ಹೋಗಿದ್ದು ಅವಳ ಅಕ್ಕನ ಮನೆಗಾ?"

"ಯಾವ ಅಕ್ಕ? ಅದು ಬಟ್ಟೆ ಒಗೆಸೋರ ಮನೆ."

"'ಅಕ್ಕ, ಬಾಗಿಲು ತೆಗಿ' ಅಂತ ನೀನೇ ಓದಿ ಹೇಳಿದ್ಯಲ್ಲೇ."

"ಇಲ್ವಲ್ಲ. ಅಲ್ಲಿ ಬರಹಾನೇ ಬರ್ಲಿಲ್ಲ. ನಾನು ಬಾಯೇ ಬಿಡ್ಲಿಲ್ಲ."

ರಸ್ತೆಯ ಎರಡೂ ಕಡೆ ಒಣಹುಲ್ಲು, ಒಂದು ದನವೂ ಇರಲಿಲ್ಲ. ವನಜಾ ಒಮ್ಮೆ ನನ್ನ ಮುಖ ನೋಡಿ ಮತ್ತೆ ರಸ್ತೆ ನೋಡಿದಳು.

"ವನಜಾ, ಅವತ್ತು ಫೋನಲ್ಲಿ ನೀನಂದಿದ್ದೆಲ್ಲ ನಂಗೆ ಕೇಳಿಸಿತ್ತು. ಮಗು ಅಳೋದೂ ಕೇಳಿಸಿತ್ತು. ಸುಳ್ಳು ಹೇಳ್ದೆ. ತಪ್ಪಾಯ್ತು ಕಣೇ."