ನಾಲ್ಕು ಬೆರಳು ಎತ್ತರ

ಆ ದಿನಗಳಲ್ಲಿ ನಮ್ಮ ಉಡಿಗಾಲದ ಕಡೆ ಸೈಕಲ್ಲಿಗೂ ಅಳತೆ ಅಂತ ಒಂದಿರುತ್ತದೆ ಎಂದು ಯಾರೂ ತಲೆ ಕೆಡಿಸಿಕೊಂಡವರಲ್ಲ. ಸೈಕಲ್ ಇದೆಯಾ, ಇಲ್ಲವಾ, ಅಷ್ಟೇ ಪ್ರಶ್ನೆ. ಉದ್ದನೆಯವರು ಮಂಡಿ ಮಡಚಿಕೊಂಡು ತುಳಿಯುತ್ತಿದ್ದರು. ಗಿಡ್ಡನೆಯವರು ಸೀಟಿನ ಮೇಲೆ ಆ ಕಡೆ ಈ ಕಡೆ ಜಾರುತ್ತಾ ತುಳಿಯುತ್ತಿದ್ದರು. ನಾವು ಮಕ್ಕಳು ಬಾರಿನ ಕೆಳಗೆ ಒಂದು ಕಾಲು ತೂರಿಸಿ, ಸೊಂಟ ಓರೆ ಮಾಡಿ ಒಳಪೆಡಲ್ ಹೊಡೆಯುತ್ತಿದ್ದೆವು. ಈಗ ನಾನು ಸೈಕಲ್ ಹುಚ್ಚಿನವಳು. ಯಾರೂ ಕಲಿಸಿದ್ದಲ್ಲ, ಬಿಚ್ಚಿ ಬಿಚ್ಚಿ ಜೋಡಿಸಿ ಕಲಿತದ್ದು. ಗೆಳತಿಯರು ಹೊಸ ಸೈಕಲ್ ತಂದರೆ ಸೀಟು ಎಷ್ಟೆತ್ತರ ಇರಬೇಕು ಅಂತ ನನ್ನನ್ನೇ ಕರೆಯುತ್ತಾರೆ. ಖುಷಿಯಿಂದಲೇ ಹೋಗುತ್ತೇನೆ. ಆದರೆ ಸೀಟಿನ ಬೋಲ್ಟಿಗೆ ಸ್ಪ್ಯಾನರ್ ಹಾಕಿದ ಕೂಡಲೇ ಕೈ ಒಂದು ಗಳಿಗೆ ನಿಂತುಬಿಡುತ್ತದೆ. ಅದಕ್ಕೆ ಕಾರಣ ತೊಂಬತ್ತರ ದಶಕದ ಒಂದು ರೇಷ್ಮೆ ಬೆಳೆ.

ಅಪ್ಪ ಊರಿಗೇ ಉದ್ದನೆಯ ಆಳು. ನಮ್ಮ ಮನೆ ಬಾಗಿಲಲ್ಲಿ ತಲೆ ಬಗ್ಗಿಸದೆ ಒಳಗೆ ಬಂದದ್ದನ್ನು ನಾನು ನೋಡಿಲ್ಲ. ಬೇರೆಯವರ ಹಿಪ್ಪುನೇರಳೆ ತೋಟದಲ್ಲಿ ಮಬ್ಬುಗತ್ತಲಲ್ಲೇ ಸೊಪ್ಪು ಕೊಯ್ದು, ಹೊರೆ ಕಟ್ಟಿ, ಬಿಸಿಲು ಏರಿ ಸೊಪ್ಪು ಬಾಡುವ ಮೊದಲು ಹುಳ ಸಾಕುವ ಮನೆಗಳಿಗೆ ತಲುಪಿಸುವುದು ಅವನ ಕೆಲಸ. ನಾನು ಏಳನೇ ಕ್ಲಾಸು ಪಾಸಾದ ಬೇಸಿಗೆಯಲ್ಲಿ, ಸೈಕಲ್ ತರುತ್ತೇನೆ ಅಂತ ನನ್ನನ್ನೂ ಗುಂಡ್ಲುಪೇಟೆಗೆ ಕರೆದುಕೊಂಡು ಹೋದ. ಹಳೇ ಸೈಕಲ್ ಮಾರುವ ಅಂಗಡಿಯಲ್ಲಿ ಎರಡು ಇದ್ದವು. ಒಂದು ಇಪ್ಪತ್ನಾಲ್ಕು ಇಂಚಿನ ಫ್ರೇಮಿನದು, ಎತ್ತರ. ಇನ್ನೊಂದು ಇಪ್ಪತ್ತರದು. ಅಪ್ಪ ಎತ್ತರದ್ದನ್ನು ಹತ್ತಿ ಅಂಗಡಿ ಮುಂದೆ ಒಂದು ಸುತ್ತು ಹೊಡೆದ. ಅವನ ಮೈಗೇ ಮಾಡಿಸಿದ ಹಾಗಿತ್ತು. ಇಳಿದು ಬಂದು ಚಿಕ್ಕದರ ಹ್ಯಾಂಡಲ್ ಹಿಡಿದ.

ಅಂಗಡಿಯವರು ಕೇರಳದ ಕಡೆಯವರು. "ಅದು ಸಣ್ಣದು ಚೇಟ್ಟಾ, ನಿಮ್ಮ ಕಾಲಿಗೆ ಆಗಲ್ಲ" ಅಂದರು.

"ಇವ್ಳ ಕಾಲ್ಗೆ ಆಯ್ತದಲ್ಲ" ಅಂದ ಅಪ್ಪ.

ಹೈಸ್ಕೂಲು ಇದ್ದದ್ದು ಹರವೆಯಲ್ಲಿ. ನಮ್ಮ ಬೀದಿಯಲ್ಲಿ ಏಳನೇ ಕ್ಲಾಸು ದಾಟಿದ ಹೆಣ್ಣುಮಕ್ಕಳು ಯಾರೂ ಇರಲಿಲ್ಲ. ಬಸ್ಸು ಸ್ಕೂಲಿನ ಹೊತ್ತಿಗೆ ಬರುತ್ತಿರಲಿಲ್ಲ. ಹಾಗಾಗಿ ಬೆಳಗ್ಗೆ ಸೈಕಲ್ ಅಪ್ಪನದು, ಒಂಬತ್ತು ಗಂಟೆ ಮೇಲೆ ನನ್ನದು. ನನ್ನ ಕಾಲಿನ ತುದಿ ಪೆಡಲ್ಲಿಗೆ ಎಟುಕಲಿ ಅಂತ ಸೀಟನ್ನು ಪೂರ್ತಿ ಕೆಳಕ್ಕೆ ಇಳಿಸಿದ್ದಾಯಿತು. ಒಂದು ಮಳೆಗಾಲ ಕಳೆಯುವಷ್ಟರಲ್ಲಿ ಸೀಟಿನ ಪೈಪು ತುಕ್ಕು ಹಿಡಿದು ಅಲ್ಲೇ ಕಚ್ಚಿಕೊಂಡಿತು. ದಿನಾ ಏರಿಸಿ ಇಳಿಸುವ ಮಾತೇ ಇಲ್ಲ.

ಅಪ್ಪ ಆ ಸೈಕಲ್ ತುಳಿಯುವಾಗ ಮಂಡಿ ಹ್ಯಾಂಡಲ್ಲಿಗೆ ತಗಲುತ್ತಿತ್ತು. ಅದಕ್ಕೆ ಎರಡೂ ಮಂಡಿಯನ್ನು ಹೊರಗೆ ಅಗಲಿಸಿ ತುಳಿಯುತ್ತಿದ್ದ. ಹುಳದ ಮನೆಯ ಗೌರಮ್ಮಕ್ಕ ದೂರದಿಂದಲೇ ಶುರು ಮಾಡುತ್ತಿದ್ದಳು.

"ಏನ್ಲಾ ಮಾದಪ್ಪ, ಕಪ್ಪೆ ಕುಂತಂಗೆ ಕುಂತ್ಕ ಬತ್ತಾ ಇದ್ದೀಯಲ್ಲ, ಮಗಿನ್ ಸೈಕಲ್ ಕಿತ್ಕ ಬಂದ್ಯಾ?"

"ಮಗಿಂದೇ ಕಣಕ್ಕ. ನಂಗೆ ಒತ್ತಾರೆ ಒಂದ್ ಗಳ್ಗೆ ಎರವಲು ಕೊಟ್ಟವ್ಳೆ."

ಎಲ್ಲರೂ ನಗುತ್ತಿದ್ದರು, ನಾನೂ ನಗುತ್ತಿದ್ದೆ. ಸಂಜೆಯಾದರೆ ಮಾತ್ರ ನಗು ಬರುತ್ತಿರಲಿಲ್ಲ. ಅಪ್ಪ ಜಗಲಿಯಲ್ಲಿ ಕಾಲು ಚಾಚಿ ಕೂರುತ್ತಿದ್ದ, ನನ್ನವ್ವ ಒಲೆಯಿಂದ ಕೆಂಡ ತಂದಿಡುತ್ತಿದ್ದಳು, ಅಜ್ಜಿ ಎಕ್ಕದ ಎಲೆಗೆ ಹರಳೆಣ್ಣೆ ಸವರಿ, ಕೆಂಡದ ಮೇಲೆ ಬಾಡಿಸಿ ಮಂಡಿಗೆ ಇಡುತ್ತಿದ್ದಳು. ಆ ವಾಸನೆ ಈಗಲೂ ಎಲ್ಲಾದರೂ ಬಂದರೆ ನನಗೆ ಸಂಜೆಯಾದಂತೆ ಅನಿಸುತ್ತದೆ.

ನಾನು ಒಂಬತ್ತನೇ ಕ್ಲಾಸಿನಲ್ಲಿದ್ದಾಗ ಅಪ್ಪನ ಮಂಡಿ ಊದಿಕೊಂಡಿತು. ಹುಳಗಳು ನಾಲ್ಕನೇ ಜ್ವರಕ್ಕೆ ಹತ್ತಿರವಾಗಿದ್ದವು. ರೇಷ್ಮೆ ಹುಳ ಮೇವು ಬಿಟ್ಟು, ತಲೆ ಎತ್ತಿಕೊಂಡು ಅಲ್ಲಾಡದೆ ಕೂತು ಚರ್ಮ ಬದಲಿಸುವುದಕ್ಕೆ ನಮ್ಮ ಕಡೆ ಜ್ವರ ಅನ್ನುತ್ತಾರೆ. ನಾಲ್ಕನೇ ಜ್ವರದಿಂದ ಎದ್ದ ಹುಳಕ್ಕೆ ಎಷ್ಟು ಸೊಪ್ಪು ಹಾಕಿದರೂ ಸಾಲದು. ದಿನಕ್ಕೆ ಐದು ಹೊರೆ ಸಾಗಿಸಬೇಕು. ಅಜ್ಜಿ ಎಲೆ ಕಟ್ಟುತ್ತಾ ನನ್ನ ಕಡೆ ನೋಡದೆ ಅಂದಳು: "ಇವ್ಳ ಇಸ್ಕೂಲ್ಗೋಸ್ಕರ ಮಂಡಿ ಸವೆಸ್ಕತಾ ಇದ್ದೀಯ ಕಣ್ಲಾ. ನಾಳೆ ನಿಂಗೆ ನಡಿಯಕ್ಕಾಗ್ದೆ ಹೋದ್ರೆ ಇವ್ಳ ಪುಸ್ತಕ ಬಂದು ಸೊಪ್ಪು ಹೊರ್ತದಾ?"

"ಸುಮ್ನಿರವ್ವ" ಅಂದ ಅಪ್ಪ.

ಹರವೆಯಲ್ಲಿ ನಮ್ಮ ಸ್ಕೂಲಿನ ಎದುರಿಗೇ ಸಿದ್ದಣ್ಣನ ಸೈಕಲ್ ಶಾಪು. ಪಂಕ್ಚರ್ ಹಾಕುವುದನ್ನು ನೋಡುತ್ತಾ ನಿಲ್ಲುವುದು ನನ್ನ ಚಾಳಿ. ಅಪ್ಪನ ಮಂಡಿ ವಿಷಯ ಹೇಳಿದೆ. ಸಿದ್ದಣ್ಣ ಸೈಕಲ್ಲನ್ನು ಒಂದು ಸಲ ನೋಡಿ, "ನಿಮ್ಮಪ್ಪಂಗೆ ಮಂಡಿ ನೋವಲ್ಲ ಕಣಮ್ಮಿ, ಸೀಟ್ ನೋವು" ಅಂದ. ಆಮೇಲೆ ಅಳತೆ ತೋರಿಸಿಕೊಟ್ಟ. ಚೈನಿನ ಕಡೆ ನಿಂತು ಸೀಟನ್ನು ಬಲಗಂಕುಳಿಗೆ ಸಿಕ್ಕಿಸಿಕೊಳ್ಳಬೇಕು. ಕೈ ಕೆಳಕ್ಕೆ ನೀಟಾಗಿ ಚಾಚಿದರೆ ಪೆಡಲ್ ತಿರುಗುವ ಅಚ್ಚಿಗೆ ನಡುಬೆರಳಿನ ತುದಿ ಮುಟ್ಟಬೇಕು. ಅದೇ ಅವರವರ ಸೀಟಿನ ಎತ್ತರ. "ದೇವ್ರು ಕೈಕಾಲು ಜೊತೇಲೇ ಅಳ್ದು ಮಡ್ಗವ್ನೆ. ಬಲಗೈ ಅಳ್ತೆ ಸುಳ್ಳಾಗಲ್ಲ" ಅಂದ.

ಹುಳ ಜ್ವರಕ್ಕೆ ಕೂತವು. ಅವತ್ತು ಸೊಪ್ಪಿಲ್ಲ, ಸೈಕಲ್ಲಿಗೂ ಕೆಲಸವಿಲ್ಲ, ಭಾನುವಾರ ಬೇರೆ. ಅಪ್ಪ ಊಟ ಮಾಡಿ ಜಗಲಿಯಲ್ಲಿ ಮಲಗಿದ್ದ. ನಾನು ಒಂದು ಹಿಪ್ಪುನೇರಳೆ ಕಡ್ಡಿ ತಂದು, ಉಸಿರು ಹಿಡಿದು, ಅವನ ಕಂಕುಳಿನಿಂದ ನಡುಬೆರಳಿನ ತುದಿಯವರೆಗೆ ಇಟ್ಟು ಉಗುರಲ್ಲಿ ಗುರುತು ಮಾಡಿದೆ. ಅಜ್ಜಿ ನೋಡಿಬಿಟ್ಟಳು.

"ಏಯ್, ಮಲ್ಗಿರೋರ್ನ ಅಳೀತಾರೇನಮ್ಮಿ? ಬುಡು, ಬುಡು! ಅದು ಹೆಣಕ್ಕೆ ಮಾಡೋ ಕೆಲ್ಸ."

ಕಡ್ಡಿಯನ್ನು ಲಂಗದ ಮರೆಗೆ ಹಿಡಿದು ಹೊರಗೆ ಓಡಿ, ಸೈಕಲ್ ಹತ್ತಿ ಹರವೆಗೆ ಹೊರಟೆ.

ಸಿದ್ದಣ್ಣ ಸೀಟಿನ ಬುಡಕ್ಕೆ ಸೀಮೆಎಣ್ಣೆ ಬಿಟ್ಟ, ಸುತ್ತಿಗೆಯಲ್ಲಿ ಮೆಲ್ಲಗೆ ತಟ್ಟಿದ, ಸೀಟು ಹಿಡಿದು ತಿರುಚಿದ. ಬಹಳ ಹೊತ್ತಿನ ಮೇಲೆ ಕಟಕ್ ಅಂತ ಬಿಟ್ಟುಕೊಂಡಿತು. ಕಡ್ಡಿ ಇಟ್ಟು ನೋಡಿದರೆ ಸೀಟು ಸರಿಯಾಗಿ ನಾಲ್ಕು ಬೆರಳು ಮೇಲೇರಬೇಕಿತ್ತು. ಏರಿಸಿ ಬಿಗಿ ಮಾಡಿದ. ಹಳೇ ಎತ್ತರದ ಗುರುತಾಗಿ ಪೈಪಿನ ಸುತ್ತ ತುಕ್ಕಿನ ಬಳೆಯೊಂದು ಉಳಿಯಿತು.

"ನೀನೆಂಗೆ ತುಳೀತೀಯ ಇನ್ನ?"

"ಒಳಪೆಡ್ಲು ಒಡೀತೀನಿ."

"ಲಂಗ ಚೈನ್ಗೆ ಸಿಕ್ಕಾಕತ್ತದೆ."

"ಎತ್ತಿ ಕಟ್ಕತೀನಿ."

ಅವನು ನನ್ನನ್ನೇ ನೋಡಿದ. "ಅಪ್ಪಂಗೆ ಗೊತ್ತಾ?"

"ಊಂ, ಗೊತ್ತು" ಅಂದೆ. ಸುಳ್ಳು.

"ಆದ್ರೂ ಇನ್ನೊಂದ್ಸಲ ಏಳ್ಬುಡು. ನಿಲ್ಲಿಸ್ವಾಗ ಸೀಟಿಂದ ಮುಂದಕ್ಕೆ ಜಾರ್ಕಂಡೇ ಕಾಲು ಊರ್ಬೇಕು. ಕಾಲ್ಗೆ ಹಳೇ ನೆಲನೇ ಗ್ಯಾನದಲ್ಲಿರ್ತದೆ."

ದಾರಿಯುದ್ದಕ್ಕೂ ಹೇಳಬೇಕು, ಹೇಳಬೇಕು ಅಂದುಕೊಂಡೇ ಬಂದೆ. ಮನೆಗೆ ಬಂದಾಗ ಅಪ್ಪ ಮನೆಯಲ್ಲಿರಲಿಲ್ಲ. ಸೈಕಲ್ಲನ್ನು ಗೋಡೆಗೆ ಒರಗಿಸಿದೆ. ಅವನೇ ಹತ್ತಿ ನೋಡಲಿ, ಬೆರಗಾಗಲಿ ಅಂತ ಆಸೆ ಹುಟ್ಟಿತು. ಬೆಳಗ್ಗೆ ಹೊರಡುವ ಮುಂಚೆ ಹೇಳಿದರಾಯಿತು ಅಂತ ಮಲಗಿದೆ. ನಾನು ಏಳುವಷ್ಟರಲ್ಲಿ ಗೌರಮ್ಮಕ್ಕನ ಮನೆಯ ಹುಳ ಜ್ವರ ಬಿಟ್ಟು ಎದ್ದಿದ್ದವು. ಅಪ್ಪ ಹೋಗಿಯಾಗಿತ್ತು.

ಹಲ್ಲುಜ್ಜುತ್ತಾ ನಿಂತಿದ್ದೆ. ಅಪ್ಪ ನಡೆದುಕೊಂಡು ಬಂದ. ಸೈಕಲ್ ಇಲ್ಲ. ಬಲಗೈಯನ್ನು ಎಡಗೈಯಲ್ಲಿ ಎಳೆಕೂಸಿನ ಹಾಗೆ ಎತ್ತಿಕೊಂಡಿದ್ದ. ತಲೆಯಲ್ಲಿ ಸೊಪ್ಪಿನ ಚೂರು. ತೋಟದ ದಾರಿ ಏರಿ ರಸ್ತೆಗೆ ಸೇರುವ ಕಡೆ ಒಂದು ಹುಣಸೆಮರವಿದೆ. ಹೊರೆ ಹೇರಿದ ಸೈಕಲ್ಲಿನಿಂದ ಇಳಿದರೆ ಮತ್ತೆ ಹತ್ತುವುದು ಕಷ್ಟ ಅಂತ, ಅಲ್ಲಿ ಸೀಟಿನ ಮೇಲೆ ಕೂತೇ ಬಲಗಾಲು ಊರಿ ಬೆವರು ಒರೆಸಿಕೊಳ್ಳುವುದು ಅಪ್ಪನ ರೂಢಿ. ಅವತ್ತೂ ಕಾಲು ಚಾಚಿದ. ನೆಲ ಸಿಗಲಿಲ್ಲ. ಹೊರೆಯೆಲ್ಲ ಕೈಯ ಮೇಲೆಯೇ ಬಿತ್ತು.

"ಜಲ್ಲಿ ಜಾರ್ತು" ಅಂದ ಎಲ್ಲರ ಮುಂದೆ.

ಮೂಳೆ ಕಟ್ಟುವವರು ಬಂದು ಮೊಟ್ಟೆ ಬಿಳಿ ಹಚ್ಚಿ, ಬಿದಿರು ದಬ್ಬೆ ಇಟ್ಟು ಕಟ್ಟಿ ಹೋದರು. ಅಪ್ಪ ಒಂದು ಸಲವೂ ಅಯ್ಯೋ ಅನ್ನಲಿಲ್ಲ. ಸಂಜೆ ಯಾರೂ ಇಲ್ಲದಾಗ ಅವನ ಕಾಲ ಹತ್ತಿರ ಕೂತೆ.

"ಅಪ್ಪೋ, ಸೀಟು ನಾನೇ ಎತ್ತರ ಮಾಡ್ಸಿದ್ದು."

"ಗೊತ್ತು ಕಣಮ್ಮಿ. ಹತ್ತಿದ್ ತಕ್ಷಣ ಗೊತ್ತಾಯ್ತು."

"ಮತ್ತೆ ಯಾಕೆ ಇಳೀಲಿಲ್ಲ?"

"ಯಾಕಿಳೀಲಿ? ಯಾರೋ ಇಂದ್ಗಡೆಯಿಂದ ತಳ್ಕಂಡು ಬತ್ತಾವ್ರೆ ಅನ್ನಂಗಿತ್ತು. ಹೊರೆ ಐತೆ ಅನ್ನೋದೇ ಮರ್ತೋಯ್ತು. ಮಂಡಿ ನಂಗೆ ಐತೋ ಇಲ್ವೋ ಅನ್ನಂಗಾಯ್ತು." ನಗಲು ಹೋಗಿ ಕೈ ಅಲುಗಿ ಹಲ್ಲು ಕಚ್ಚಿದ. "ಅಜ್ಜಿಗೆ ಏಳ್ಬ್ಯಾಡ."

ಅಜ್ಜಿಗೆ ಸೀಟಿನ ವಿಷಯ ತಿಳಿಯಲೇ ಇಲ್ಲ. ಅವಳು ಕೊನೆಯವರೆಗೂ ಆ ಕಡ್ಡಿಯನ್ನೇ ದೂರಿದಳು. ಮಲಗಿದ್ದವನನ್ನು ಅಳೆದದ್ದಕ್ಕೇ ಹೀಗಾಯಿತು ಅನ್ನುತ್ತಿದ್ದಳು. ಅವಳ ಮಾತು ಪೂರ್ತಿ ತಪ್ಪು ಅಂತ ನನಗೆ ಅನ್ನಿಸುತ್ತಿರಲಿಲ್ಲ.

ಆ ಬೆಳೆ ಮುಗಿಯುವವರೆಗೂ ಅವ್ವ ಸೊಪ್ಪಿನ ಹೊರೆಗಳನ್ನು ತಲೆಯ ಮೇಲೆ ಹೊತ್ತಳು. ನಾನು ಸೈಕಲ್ಲಿನಲ್ಲಿ ಹೇರಿ ತಳ್ಳಿಕೊಂಡು ಹೋದೆ. ಗೌರಮ್ಮಕ್ಕ ಕಪ್ಪೆಯ ಮಾತು ಎತ್ತಲಿಲ್ಲ. ತಟ್ಟೆಗಳ ಮೇಲೆ ಸೊಪ್ಪು ಹರಡಿದ ಕೂಡಲೇ ಹುಳ ಮೇಯುವ ಸದ್ದು, ಹೆಂಚಿನ ಮೇಲೆ ಸಣ್ಣ ಮಳೆ ಬಿದ್ದ ಹಾಗೆ. ಅದನ್ನು ಕೇಳುತ್ತಾ ಬಾಗಿಲಲ್ಲೇ ನಿಂತಿರುತ್ತಿದ್ದೆ. ಆಮೇಲೆ ಸ್ಕೂಲಿಗೆ ಹೊರಟರೆ ಒಳಪೆಡಲ್ಲು. ಎರಡು ಲಂಗ ಚೈನಿಗೆ ಸಿಕ್ಕಿ ಹರಿದವು.

ಕಟ್ಟು ಬಿಚ್ಚಿದಾಗ ಅಪ್ಪನ ಮೊಣಕೈ ನೆಟ್ಟಗಾಗಲಿಲ್ಲ. ಕೊಂಕಾಗಿಯೇ ಕೂಡಿಕೊಂಡಿತ್ತು. ಮತ್ತೆ ಸೊಪ್ಪಿಗೆ ಹೊರಡುವ ಮುಂಚೆ ಅಪ್ಪ ನನ್ನನ್ನು ಕರೆದುಕೊಂಡು ಸಿದ್ದಣ್ಣನ ಶಾಪಿಗೆ ಹೋದ. "ಸೀಟು ನನ್ನ ಅಳ್ತೆಗೆ ಮಾಡ್ಕೊಡ್ಲಾ" ಅಂತ ಚೈನಿನ ಕಡೆ ನಿಂತು ಸೀಟನ್ನು ಬಲಗಂಕುಳಿಗೆ ಸಿಕ್ಕಿಸಿಕೊಂಡ. ಕೈ ಚಾಚಿದ. ಕೊಂಕು ಕೈಯ ಬೆರಳು ಅಚ್ಚಿಗೆ ಮುಟ್ಟಲಿಲ್ಲ.

"ಇಳ್ಸು."

"ಅಣ್ಣೋ, ಈಗ ಇರೋದೇ ಸರಿಯಾಗದೆ. ಬೇಕಾದ್ರೆ ಎಡಗೈಯಲ್ಲಿ..."

"ಬಲಗೈ ಅಳ್ತೆ ಸುಳ್ಳಾಗಲ್ಲ ಅಂತ ಇವ್ಳಿಗೆ ಅಂದಿದ್ದೋನು ನೀನೇ ಅಲ್ವೇನ್ಲಾ? ಇಳ್ಸು ಸುಮ್ನೆ."

ಸಿದ್ದಣ್ಣ ನನ್ನ ಮುಖ ನೋಡಿದ, ಬೋಲ್ಟು ಸಡಿಲ ಮಾಡಿದ. ಒಂದು ಬೆರಳು, ಎರಡು, ಮೂರು, ನಾಲ್ಕು. ಅಪ್ಪನ ಬೆರಳು ಅಚ್ಚಿಗೆ ತಾಗಿದಾಗ ಪೈಪಿನ ಮೇಲಿದ್ದ ಹಳೇ ತುಕ್ಕಿನ ಬಳೆ ಫ್ರೇಮಿನ ಬಾಯಿಗೆ ಸರಿಯಾಗಿ ಬಂದು ಕೂತಿತ್ತು. ಮನೆಯ ದಾರಿಯಲ್ಲಿ ಅಪ್ಪ ಅಂದದ್ದು ಇಷ್ಟೇ: "ನಾಳೆಯಿಂದ ಸೀಟ್ ಮ್ಯಾಲೆ ಕುಂತ್ಕಂಡೇ ಓಗು. ಇರೋದು ಇನ್ನೊಂದೇ ಲಂಗ."

ಆ ಸೀಟಿನ ಮೇಲೆ ಕೂತೇ ನಾನು ಹತ್ತನೇ ಕ್ಲಾಸು ಮುಗಿಸಿದೆ.

ಈಗ ಸೊಪ್ಪು ಗೂಡ್ಸ್ ಆಟೋದಲ್ಲಿ ಹೋಗುತ್ತದೆ. ಹುಳ ಸಾಕುವ ಮನೆಗಳೂ ಊರಲ್ಲಿ ಕಡಿಮೆಯಾದವು. ಸಿದ್ದಣ್ಣನ ಶಾಪು ಇದ್ದ ಜಾಗದಲ್ಲಿ ಮೊಬೈಲ್ ಅಂಗಡಿ ಇದೆ. ಅಂಗಡಿಗಳಲ್ಲಿ ಸಿಗುವ ಸೈಕಲ್ಲುಗಳ ಸೀಟಿನ ಪೈಪಿನ ಮೇಲೆ ಗೆರೆ ಕೊರೆದು ಅಂಕಿ ಬರೆದಿರುತ್ತಾರೆ. ಯಾರೂ ಕೈ ಚಾಚಿ ಅಳೆಯುವುದಿಲ್ಲ. ನಾನು ಮಾತ್ರ ಯಾರ ಸೀಟು ಮುಟ್ಟುವ ಮುಂಚೆಯೂ ಎಷ್ಟು ವರ್ಷದಿಂದ ಹೀಗೇ ತುಳಿಯುತ್ತಿದ್ದೀರಿ ಅಂತ ಕೇಳುತ್ತೇನೆ. ಒಂದು ಸಲಕ್ಕೆ ಒಂದೇ ಬೆರಳು ಏರಿಸುತ್ತೇನೆ, ಹೇಳಿ ಏರಿಸುತ್ತೇನೆ.

ಅಪ್ಪ ಹೋಗಿ ಕೆಲವು ವರ್ಷವಾಯಿತು. ಅವನ ಸೈಕಲ್ಲನ್ನು ನಾನು ಇಟ್ಟುಕೊಂಡಿದ್ದೇನೆ. ಮೊನ್ನೆ ಸೀಟು ಬಿಚ್ಚಿ ನೋಡಿದೆ. ಪೈಪಿನ ಮೇಲೆ ತುಕ್ಕಿನ ಬಳೆ ಒಂದೇ. ಅದರ ನಾಲ್ಕು ಬೆರಳು ಕೆಳಗೆ ಕಣ್ಣಿಗೆ ಕಾಣುವ ಗುರುತು ಏನೂ ಇಲ್ಲ, ತುಕ್ಕು ಹಿಡಿಯುವಷ್ಟು ದಿನ ಸೀಟು ಆ ಎತ್ತರದಲ್ಲಿ ಇರಲಿಲ್ಲ. ಅಪ್ಪ ಈ ಸೈಕಲ್ಲನ್ನು ತನ್ನ ಅಳತೆಯಲ್ಲಿ ತುಳಿದದ್ದು ಒಂದೇ ಒಂದು ಬೆಳಗ್ಗೆ, ಸೊಪ್ಪಿನ ತೋಟದಿಂದ ಹುಣಸೆಮರದವರೆಗೆ.