ಮೊಮ್ಮಗಳ ಕಂಪ್ಯೂಟರಿಗೆ ಸೌಂಡ್ ಬರಿಸಿದ್ದು

ಹೋದ ವರ್ಷ ಮುಂಗಾರು ಹಿಡಿದು, ನಮ್ಮ ಕಡೆ ಹೊಗೆಸೊಪ್ಪಿನ ನಾಟಿ ಮುಗಿಯುವ ಹೊತ್ತಿನಲ್ಲಿ ನಡೆದ ಸಂಗತಿ ಇದು. ಅಷ್ಟರಲ್ಲಿ ನಾನು ಕೆಲಸ ಬಿಟ್ಟು ಮೂರು ವರ್ಷವಾಗಿತ್ತು. ಕೆಲಸ ಎಂದರೆ ಮೈಕ್ ಸೆಟ್. ಪಿರಿಯಾಪಟ್ಟಣದ ಬಸ್ ನಿಲ್ದಾಣದ ಹಿಂದೆ ಒಂದು ಸಣ್ಣ ಮಳಿಗೆ, ಎರಡು ಆಂಪ್ಲಿಫೈಯರ್, ಕಹಳೆ ಬಾಯಿಯ ಆರು ಹಾರ್ನು, ಒಂದು ಗೂಡ್ಸ್ ಆಟೊ. ಮದುವೆ, ತಿಥಿ, ಚುನಾವಣೆ ಪ್ರಚಾರ, ಶಾಲೆಯ ವಾರ್ಷಿಕೋತ್ಸವ ಎಂದು ಹುಣಸೂರಿನಿಂದ ಬೈಲಕುಪ್ಪೆಯವರೆಗೆ ನಾನು ತಂತಿ ಎಳೆಯದ ಊರು ಕಡಿಮೆ. ಓದಿದ್ದು ನಾಲ್ಕನೇ ಕ್ಲಾಸು. ಇಂಗ್ಲಿಷ್ ಬರುವುದಿಲ್ಲ, ಆದರೆ ಬೋರ್ಡಿನ ಮೇಲೆ ಕೂರುವ ಐಸಿ ಚಿಪ್ಪುಗಳ ದಪ್ಪಕ್ಷರ, ನಂಬರು ಓದಿಕೊಳ್ಳುತ್ತೇನೆ. ಡಿಜೆ ಬಾಕ್ಸುಗಳು ಬಂದ ಮೇಲೆ ನಮ್ಮ ಹಾರ್ನಿಗೆ ಕರೆ ಕಮ್ಮಿಯಾಯಿತು. ಹಾರ್ನಿನ ಪಕ್ಕದಲ್ಲೇ ಬದುಕಿದ್ದಕ್ಕೆ ನನ್ನ ಕಿವಿಯೂ ಮಂದವಾಯಿತು. ಮಳಿಗೆ ಬಿಟ್ಟುಕೊಟ್ಟು ಸಾಮಾನೆಲ್ಲ ಮನೆಯ ಅಟ್ಟಕ್ಕೆ ಹಾಕಿದೆ.

ನಮ್ಮ ಕೆಲಸದ ಒಂದು ಪದ್ಧತಿಯನ್ನು ಮೊದಲೇ ಹೇಳಿಬಿಡಬೇಕು. ಆಂಪ್ಲಿಫೈಯರ್ ಮುಂದೆ ಕೂತವನಿಗೆ ಜನಕ್ಕೆ ಎಷ್ಟು ಕೇಳಿಸುತ್ತಿದೆ ಎಂಬುದು ಗೊತ್ತಾಗುವುದಿಲ್ಲ. ಅದಕ್ಕೆ ಕಾರ್ಯಕ್ರಮಕ್ಕೆ ಮುಂಚೆ ಒಬ್ಬರನ್ನು ಚಪ್ಪರದ ಕೊನೇ ಸಾಲಿನಲ್ಲಿ ನಿಲ್ಲಿಸುತ್ತಿದ್ದೆ. ವಾಲ್ಯೂಮನ್ನು ಸೊನ್ನೆಗೆ ಇಳಿಸಿ, ಮೈಕಿನಲ್ಲಿ ಒಂದು, ಎರಡು ಎನ್ನುತ್ತ ನಿಧಾನವಾಗಿ ಏರಿಸುತ್ತಿದ್ದೆ. ಕೇಳಿಸಿದ ಕೂಡಲೇ ಕೊನೇ ಸಾಲಿನವರು ಕೈ ಎತ್ತಬೇಕು. ಅಲ್ಲಿಗೆ ಗುಂಡಿ ನಿಲ್ಲಿಸುವುದು. ನನ್ನ ಕಿವಿಯನ್ನು ನಾನು ಯಾವತ್ತೂ ನಂಬಿದವನಲ್ಲ, ಆ ಕೈಯನ್ನು ನಂಬಿದವನು.

ನನ್ನ ಮಗ ಲೋಕೇಶ ಎಚ್.ಡಿ.ಕೋಟೆಯಲ್ಲಿ ಲೈನ್‌ಮನ್. ವಾರಕ್ಕೊಮ್ಮೆ ಮನೆಗೆ ಬರುತ್ತಾನೆ. ಸೊಸೆ ಸವಿತಾ ಮದುವೆಗೆ ಮುಂಚೆ ಕೆ.ಆರ್.ನಗರದ ಒಂದು ಜೆರಾಕ್ಸ್ ಅಂಗಡಿಯಲ್ಲಿ ಟೈಪಿಂಗ್ ಮಾಡುತ್ತಿದ್ದವಳು. ಅವರ ಮಗಳು ಭುವಿ. ಈ ಮಗುವಿನ ವಿಷಯ ಬರೆಯುವಾಗ ಮಾತು ಹಿಡಿತಕ್ಕೆ ಸಿಗುವುದಿಲ್ಲ, ಆದರೂ ಆದಷ್ಟು ಕ್ರಮವಾಗಿ ಹೇಳುತ್ತೇನೆ. ಭುವಿಗೆ ಹುಟ್ಟಿನಿಂದ ಕಿವಿ ಕೇಳುತ್ತಿರಲಿಲ್ಲ. ಎರಡೂವರೆ ವರ್ಷಕ್ಕೆ ಮೈಸೂರಿನಲ್ಲಿ ಆಪರೇಷನ್ ಆಯಿತು. ಕಾಕ್ಲಿಯರ್ ಇಂಪ್ಲಾಂಟ್ ಎನ್ನುತ್ತಾರೆ. ಕಿವಿಯ ಒಳಗೆ ಒಂದು ಸಣ್ಣ ಸಾಧನ ಇಟ್ಟು ಹೊಲಿಯುತ್ತಾರೆ. ಹೊರಗೆ ಕಿವಿಯ ಹಿಂದೆ ಒಂದು ಯಂತ್ರ, ಅದರಿಂದ ಒಂದು ತಂತಿ, ತಂತಿಯ ತುದಿಗೆ ಎರಡು ರೂಪಾಯಿ ನಾಣ್ಯದಷ್ಟು ಅಗಲದ ಬಿಲ್ಲೆ. ಅದು ಅಯಸ್ಕಾಂತದಿಂದ ತಲೆಗೆ ಅಂಟಿಕೊಳ್ಳುತ್ತದೆ. ಬಿಲ್ಲೆ ಕಿತ್ತರೆ ಮಗುವಿಗೆ ಲೋಕವೆಲ್ಲ ಮೌನ.

ಆಪರೇಷನ್ ಆದ ತಕ್ಷಣ ಮಾತು ತಿಳಿಯುವುದಿಲ್ಲ. ಯಾವ ಸದ್ದು ಯಾವುದು ಎಂದು ಮಗುವಿಗೆ ಒಂದೊಂದಾಗಿ ಕಲಿಸಬೇಕು. ಮೈಸೂರಿನ ಟೀಚರ್ ಒಬ್ಬರು ವಾರದಲ್ಲಿ ಮೂರು ದಿನ ಕಂಪ್ಯೂಟರಿನ ಮೂಲಕ ಪಾಠ ಹೇಳುತ್ತಿದ್ದರು. ಮೊಬೈಲ್ ಬೇಡ, ಅದರ ಸದ್ದು ತೆಳ್ಳಗೆ ಇರುತ್ತದೆ, ಮಗು ಕಿತ್ತುಕೊಂಡು ಆಡಲು ಶುರು ಮಾಡುತ್ತದೆ ಎಂದು ಅವರೇ ಹೇಳಿದ್ದರು. ಪಾಠಕ್ಕೆ ಮೊದಲು ಅವರು ಒಂದು ಪರೀಕ್ಷೆ ಮಾಡುತ್ತಿದ್ದರು. ಬಾಯಿಗೆ ಅಡ್ಡವಾಗಿ ಒಂದು ರಟ್ಟು ಹಿಡಿದು ಆ, ಊ, ಈ, ಮ್, ಶ್, ಸ್ ಎಂದು ಒಂದೊಂದೇ ಸದ್ದು ಬಿಡುವುದು. ಕೇಳಿಸಿದಾಗ ಭುವಿ ಒಂದು ಹುಣಸೆ ಬೀಜವನ್ನು ಸ್ಟೀಲ್ ಲೋಟಕ್ಕೆ ಹಾಕಬೇಕು. ಮೊದಲ ಸಲ ಇದನ್ನು ನೋಡಿದಾಗ ನನಗೆ ನಗು ಬಂತು. ಇದು ನಮ್ಮ ಕೊನೇ ಸಾಲಿನ ಕೈಯೇ ಅಲ್ಲವೇ. ಆ, ಊ ಎಲ್ಲಕ್ಕೂ ಬೀಜ ಬೀಳುತ್ತಿತ್ತು. ತೀರಾ ಸಣ್ಣದಾದ ಸ್ ಎಂಬುದಕ್ಕೆ ಮಾತ್ರ ಒಂದು ದಿನವೂ ಬಿದ್ದಿರಲಿಲ್ಲ.

ಆ ತಿಂಗಳು ಟೀಚರ್ ಒಂದು ಮಾತು ಹೇಳಿದ್ದರು. ಮನೆಯ ಪಾಠದಿಂದ ಮಗು ಮುಂದಕ್ಕೆ ಹೋಗುತ್ತಿದೆಯೋ ಇಲ್ಲವೋ ಎಂದು ಬರುವ ಸೋಮವಾರ ನೋಡಿ ತೀರ್ಮಾನಿಸುತ್ತೇನೆ, ಇಲ್ಲವಾದರೆ ತಾಯಿ ಮಗು ಮೈಸೂರಿನಲ್ಲಿ ರೂಮು ಮಾಡಿಕೊಂಡು ದಿನವೂ ಬರಬೇಕಾಗುತ್ತದೆ ಎಂದು. ಸವಿತಾ ಮೈಸೂರಿಗೆ ಒಯ್ಯುವ ಬಟ್ಟೆ ಬೇರೆ ಮಾಡತೊಡಗಿದಳು. ನನ್ನ ಹೆಂಡತಿ ಜಯಮ್ಮ ಎರಡು ಹೊತ್ತು ಸರಿಯಾಗಿ ಊಟ ಮಾಡಲಿಲ್ಲ. ನಾನು ಏನು ಮಾಡಿದೆ ಎಂಬುದು ಬೇಡ.

ಅದೇ ವಾರ ಕಂಪ್ಯೂಟರಿಗೆ ವೈರಸ್ ಬಂತು. ಅಂಗಡಿಗೆ ಕೊಟ್ಟೆವು. ಅವರು ಫಾರ್ಮ್ಯಾಟ್ ಮಾಡಿ, ಎಂದರೆ ಒಳಗಿದ್ದುದನ್ನೆಲ್ಲ ಅಳಿಸಿ ಹೊಸದಾಗಿ ಹಾಕಿ, ಶುಕ್ರವಾರ ವಾಪಸ್ಸು ಕೊಟ್ಟರು. ಚಿತ್ರ ಬರುತ್ತಿತ್ತು, ಸೌಂಡ್ ಇಲ್ಲ. ಪರದೆಯ ಮೂಲೆಯಲ್ಲಿರುವ ಸ್ಪೀಕರ್ ಗುರುತಿನ ಮೇಲೆ ಒಂದು ಕೆಂಪು ಇಂಟು ಮಾರ್ಕು. ಫೋನ್ ಮಾಡಿದರೆ, ಎತ್ತಿದವರು ಅಂಗಡಿಯವರು ಮದುವೆಗೆ ಹೋಗಿದ್ದಾರೆ, ಮಂಗಳವಾರ ಬರುತ್ತಾರೆ ಎಂದರು.

ಶನಿವಾರ ಬೆಳಗ್ಗೆ ಜಯಮ್ಮ ಬಾಗಿಲಿಗೆ ಒರಗಿಕೊಂಡು, "ಊರಿಗೆಲ್ಲಾ ಮೈಕ್ ಕಟ್ಟಿ ಮೆರ್ದೋರು, ಮನೇಲಿರೋ ಡಬ್ಬಕ್ಕೆ ಬಾಯಿ ಬರ್ಸಕ್ಕಾಗಕಿಲ್ವಾ?" ಎಂದಳು.

ಸದ್ದು ಬಾರದಿದ್ದರೆ ಮೈಕಿನವನು ಮೊದಲು ಅನುಮಾನಪಡುವುದು ತಂತಿಯನ್ನು. ನಾನು ಅಟ್ಟದಿಂದ ಮೀಟರ್ ಇಳಿಸಿ ತಂತಿಗಳನ್ನೆಲ್ಲ ನೋಡಿದೆ. ಸರಿ ಇದ್ದವು. ಸ್ಪೀಕರುಗಳನ್ನು ನನ್ನ ಹಳೇ ರೇಡಿಯೊಗೆ ಹಾಕಿದೆ. ಹಾಡಿದವು. ಆಮೇಲೆ ಕಂಪ್ಯೂಟರಿನ ಪಕ್ಕದ ತಗಡು ಬಿಚ್ಚಿದೆ. ಅದರೊಳಗೆ ಸೌಂಡಿಗೆ ಎರಡು ಜಾಗಗಳಿವೆ. ದೊಡ್ಡ ಬೋರ್ಡಿನಲ್ಲೇ ಇರುವುದು ಒಂದು. ಅದು ಹಿಂದಿನ ವರ್ಷ ಸಿಡಿಲಿಗೆ ಹೋಗಿತ್ತು. ಅದಕ್ಕೆ ಬದಲು ಲೋಕೇಶ ಹುಣಸೂರಿನಲ್ಲಿ ಬೇರೆ ಒಂದು ಸೌಂಡ್ ಕಾರ್ಡ್ ಹಾಕಿಸಿದ್ದ. ಅಂಗೈಯಷ್ಟು ಹಲಗೆ, ಹಿಂದೆ ಹಸಿರು ಬಣ್ಣದ ಒಂದು ತೂತು, ಸ್ಪೀಕರಿನ ಪಿನ್ನು ಹೋಗುವುದು ಅಲ್ಲಿಗೆ. ಆ ಕಾರ್ಡನ್ನು ಕಿತ್ತು ರಬ್ಬರಿನಿಂದ ಅದರ ಹಲ್ಲು ಉಜ್ಜಿ ಮತ್ತೆ ಕೂರಿಸಿದೆ. ಏನೂ ಆಗಲಿಲ್ಲ.

ಸವಿತಾ ನೋಡುವಷ್ಟು ನೋಡಿ, "ಮಾವ, ಕಾರ್ಡ್ ಸರ್ಯಾಗೇ ಐತೆ. ಕಂಪ್ಯೂಟರ್‌ಗೆ ಅದರ ಗುರ್ತೇ ಇಲ್ಲ, ಫಾರ್ಮ್ಯಾಟ್ ಮಾಡ್ದಾಗ ಅಳ್ಸೋಗದೆ. ಡ್ರೈವರ್ ಹಾಕ್ಬೇಕು" ಎಂದಳು.

ಡ್ರೈವರ್ ಎಂದರೆ ಈ ಕಾರ್ಡನ್ನು ಹೇಗೆ ಕೆಲಸಕ್ಕೆ ಹಚ್ಚಬೇಕು ಎಂದು ಕಂಪ್ಯೂಟರಿಗೆ ತಿಳಿಸಿಕೊಡುವ ಒಂದು ಸಣ್ಣ ಪ್ರೋಗ್ರಾಂ. ಅವಳು ಡಿವೈಸ್ ಮ್ಯಾನೇಜರ್ ಎಂಬುದನ್ನು ತೆರೆದು ತೋರಿಸಿದಳು. ಒಳಗಿರುವ ಎಲ್ಲ ಭಾಗಗಳ ಹೆಸರೂ ಅಲ್ಲಿ ಇರುತ್ತವೆ. ಗುರುತು ಸಿಗದ ಭಾಗದ ಮೇಲೆ ಹಳದಿ ಗುರುತು ಬೀಳುತ್ತದೆ. ಮಲ್ಟಿಮೀಡಿಯಾ ಆಡಿಯೊ ಕಂಟ್ರೋಲರ್ ಎಂದು ಬರೆದಿದ್ದ ಕಡೆ ಹಳದಿ ಇತ್ತು. ತಂತಿ ಕೂಡಿದ್ದರೆ, ಕರೆಂಟ್ ಇದ್ದರೆ ಸದ್ದು ಬಂದೇ ಬರಬೇಕು ಎಂದು ತಿಳಿದಿದ್ದವನು ನಾನು. ಎಲ್ಲ ಸರಿಯಿದ್ದೂ ಪರಿಚಯವಿಲ್ಲದ್ದಕ್ಕೆ ಸುಮ್ಮನೆ ಕೂರುವ ಯಂತ್ರವನ್ನು ಮೊದಲ ಸಲ ಕಂಡೆ.

ಸವಿತಾ ದೊಡ್ಡ ಬೋರ್ಡಿನ ಹೆಸರು ನೋಡಿ ಇಂಟರ್‌ನೆಟ್ಟಿನಲ್ಲಿ ಡ್ರೈವರ್ ಹುಡುಕಿ ಇಳಿಸಿಕೊಂಡು ಹಾಕಿದಳು. ಕಂಪ್ಯೂಟರ್ ಆರಿಸಿ ಹೊತ್ತಿಸಿದ ಮೇಲೆ ಕೆಂಪು ಇಂಟು ಹೋಯಿತು. ಹಾಡು ಹಾಕಿದರೆ ಹಸಿರು ಪಟ್ಟಿ ಮೇಲೆ ಕೆಳಗೆ ಕುಣಿಯಿತು. ಸದ್ದು ಮಾತ್ರ ಇಲ್ಲ. ಆಂಪ್ಲಿಫೈಯರಿನ ಮೀಟರಿನ ಮುಳ್ಳಿನಲ್ಲಿ ಈ ಆಟ ನನಗೆ ಗೊತ್ತಿದ್ದದ್ದೇ.

"ಮುಳ್ಳು ಕುಣೀತಾ ಅದೆ, ಹಾರ್ನ್ ಸುಮ್ಕದೆ ಅಂದ್ರೆ ಸೌಂಡು ಬ್ಯಾರೆ ಲೈನಿಗೆ ಓಯ್ತಾ ಅದೆ ಕಣವ್ವ" ಎಂದೆ.

ಅವಳು ಹಣೆ ಚಚ್ಚಿಕೊಂಡು ನಕ್ಕಳು. "ಸಿಡ್ಲು ಹೊಡ್ದಿರೋದ್ಕೇ ಡ್ರೈವರ್ ಹಾಕ್ಬುಟ್ಟಿವ್ನಿ ಮಾವ."

ಸರಿ, ಕೆಟ್ಟಿದ್ದ ಜಾಗವನ್ನು ಡಿಸೇಬಲ್ ಮಾಡಿ, ಎಂದರೆ ಕೆಲಸದಿಂದ ನಿಲ್ಲಿಸಿಬಿಟ್ಟಳು. ಕಾರ್ಡಿನ ಡ್ರೈವರ್ ಬೇಕೆಂದರೆ ಕಾರ್ಡಿನ ನಂಬರು ಬೇಕು. ನಾನು ಭೂತಗನ್ನಡಿ ಹಿಡಿದು, ಅದರ ಮೇಲಿನ ದೊಡ್ಡ ಐಸಿಯ ಅಕ್ಷರ, ನಂಬರು ಓದಿ ಹೇಳಿದೆ. ಅವಳು ಟೈಪ್ ಮಾಡಿದಳು. ಎಂಟನ್ನು ನಾನು ಮೂರು ಎಂದು ಓದಿ ಒಂದು ಸಲ ದಾರಿ ತಪ್ಪಿತು, ಅವಳೇ ಬಂದು ನೋಡಿ ತಿದ್ದಿಕೊಂಡಳು. ಕೊನೆಗೆ ಸರಿಯಾದ್ದು ಸಿಕ್ಕಿತು.

ಅದು ಇಳಿಯುವಷ್ಟರಲ್ಲಿ ನಾನೊಂದು ಕೆಲಸ ಮಾಡಿದೆ. ಆ ಪುಟ್ಟ ಸ್ಪೀಕರುಗಳ ಮೇಲೆ ನನಗೆ ನಂಬಿಕೆ ಇರಲಿಲ್ಲ. ಅಟ್ಟದಿಂದ ಆಂಪ್ಲಿಫೈಯರ್, ಒಂದು ಹಾರ್ನು ಇಳಿಸಿ ಕಾರ್ಡಿಗೆ ಕೂಡಿಸಿದೆ. ಲೈನಿಗೆ ಜೀವ ಬಂದರೆ ಹಾರ್ನಿನಲ್ಲಿ ಗುಂಯ್ ಎಂಬ ಸಣ್ಣ ಸದ್ದು ಬರುತ್ತದೆ. ಅದನ್ನು ಹಿಡಿಯಲು ನಾವು ವಾಲ್ಯೂಮನ್ನು ಪೂರ್ತಿ ಏರಿಸಿ ಕಿವಿ ಹಚ್ಚುತ್ತೇವೆ. ನನ್ನ ಮಂದ ಕಿವಿಗೆ ಅದೂ ಸಾಲದೆಂದು ಕಂಪ್ಯೂಟರಿನ ವಾಲ್ಯೂಮನ್ನೂ ಪೂರ್ತಿ ಇಡಿಸಿದೆ. ಬಯಲಿನಲ್ಲಿ ಮಾಡುವ ಈ ಕೆಲಸವನ್ನು ನಡುಮನೆಯಲ್ಲಿ ಮಾಡಿದೆ. ಭುವಿ ಹೊಸಲಿನ ಮೇಲೆ ಗೊಂಬೆ ಆಡಿಸುತ್ತಿತ್ತು.

ಡ್ರೈವರ್ ಕೂತಿತು. ಸವಿತಾ ಟೆಸ್ಟ್ ಒತ್ತಿದಳು.

ಕಿಟಕಿಯ ಗಾಜು ಅದುರಿತು. ಎದುರು ಮನೆಯವರು ಯಾವ ಪಾರ್ಟಿಯ ಪ್ರಚಾರ ಬಂತು ಎಂದು ಬೀದಿಗೆ ಬಂದರು. ಭುವಿ ಮುಖ ಬಿಳಿಚಿಕೊಂಡು, ತಲೆಯ ಬಿಲ್ಲೆ ಕಿತ್ತೆಸೆದು, ಅಜ್ಜಿಯ ಸೆರಗಿನೊಳಗೆ ಸೇರಿಕೊಂಡಿತು. ಟೀಚರಿಗೆ ಫೋನ್ ಮಾಡಿದೆವು. ಯಂತ್ರ ಅತಿ ಜೋರಿನ ಸದ್ದನ್ನು ತಡೆದುಬಿಡುತ್ತದೆ, ಪೆಟ್ಟೇನೂ ಆಗಿರುವುದಿಲ್ಲ, ಹೆದರಿದೆ ಅಷ್ಟೆ, ಬಲವಂತವಾಗಿ ಬಿಲ್ಲೆ ಹಾಕಬೇಡಿ, ಅದಾಗಿಯೇ ಹಾಕಿಕೊಳ್ಳುವಂತೆ ಮಾಡಿ ಎಂದರು. ಆ ದಿನವೆಲ್ಲ ಮಗು ಬಿಲ್ಲೆ ಮುಟ್ಟಗೊಡಲಿಲ್ಲ. ಭಾನುವಾರ ಬೆಳಗ್ಗೆಯೂ ಇಲ್ಲ. ನನ್ನನ್ನು ಕಂಡರೆ ದೂರ ಸರಿಯುತ್ತಿತ್ತು. ನನಗೆ ಬೈಯಲು ಜಯಮ್ಮನಿಗೂ ಮನಸ್ಸು ಬರಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಭಾನುವಾರ ಮಧ್ಯಾಹ್ನ ಹಾರ್ನನ್ನು ಅಟ್ಟಕ್ಕೆ ವಾಪಸ್ಸು ಹಾಕಿ, ಪುಟ್ಟ ಸ್ಪೀಕರನ್ನೇ ಕಾರ್ಡಿಗೆ ಸಿಕ್ಕಿಸಿದೆ. ಅದರ ಮುಂದಿನ ಜಾಲರಿ ಬಿಚ್ಚಿ, ಕಾಗದದ ಬಟ್ಟಲು ಮೇಲ್ಮುಖವಾಗುವಂತೆ ನೆಲದ ಮೇಲೆ ಮಲಗಿಸಿದೆ. ಮಳಿಗೆಯಲ್ಲಿ ಸ್ಪೀಕರ್ ರಿಪೇರಿ ಮಾಡಿದಾಗ ನಾವು ಆ ಕಾಗದದ ಮೇಲೆ ಒಂದು ಚಿಟಿಕೆ ರಾಗಿ ಹಾಕಿ ನೋಡುತ್ತಿದ್ದೆವು. ರಾಗಿ ಕುಣಿದರೆ ಸ್ಪೀಕರ್ ಸರಿ ಎಂದು ಲೆಕ್ಕ. ಸವಿತಾ ವಾಲ್ಯೂಮನ್ನು ಎಲ್ಲ ಕಡೆ ಸೊನ್ನೆಗಿಳಿಸಿ, ತಮಟೆಯ ಸದ್ದೊಂದನ್ನು ಹಾಕಿ, ಸ್ವಲ್ಪ ಸ್ವಲ್ಪವೇ ಏರಿಸಿದಳು. ರಾಗಿ ಕಾಳು ಅಲುಗಿದವು, ಆಮೇಲೆ ಕುಣಿದವು.

ಭುವಿ ದೂರದಿಂದ ನೋಡಿತು. ಹತ್ತಿರ ಬಂತು. ಒಂದು ಬೆರಳು ಇಟ್ಟು ಕಾಗದದ ನಡುಕ ನೋಡಿತು, ಅಂಗೈ ಇಟ್ಟಿತು, ನಕ್ಕಿತು. ಸವಿತಾ ತಮಟೆ ನಿಲ್ಲಿಸಿದಳು, ರಾಗಿ ನಿಂತಿತು. ಹಾಕಿದಳು, ಕುಣಿಯಿತು. ಮಗು ನನ್ನ ಮುಖ ನೋಡಿತು, ರಾಗಿ ನೋಡಿತು, ಎದ್ದು ಹೋಗಿ ಅಮ್ಮನ ಕೈಯಲ್ಲಿದ್ದ ಬಿಲ್ಲೆಯನ್ನು ತಾನೇ ತೆಗೆದುಕೊಂಡು ತಲೆಗೆ ಅಂಟಿಸಿಕೊಂಡಿತು. ಬಂದು ನನ್ನ ತೊಡೆಯ ಮೇಲೆ ಕೂತಿತು.

ಜಯಮ್ಮ ಅಡುಗೆಮನೆಯಿಂದ, "ರಾಗಿ ಚೆಲ್ಬೇಡಿ ಕಣ್ರೀ, ಬೀಸಕ್ಕೆ ಅಂತ ಮಾಡಿಟ್ಟಿದ್ದು" ಎಂದಳು.

ಸೋಮವಾರ ಪಾಠ. ಭುವಿಯ ಮುಂದೆ ಹುಣಸೆ ಬೀಜ, ಸ್ಟೀಲ್ ಲೋಟ. ಪಕ್ಕದಲ್ಲಿ ಸವಿತಾ, ನಾನು ಮಗುವಿನ ಹಿಂದೆ, ಗೋಡೆಗೆ ಒರಗಿ ಕೂತೆ. ಪರದೆಯಲ್ಲಿ ಟೀಚರ್ ಬಂದರು, ನಗುತ್ತ ರಟ್ಟನ್ನು ಬಾಯಿಗೆ ಅಡ್ಡ ಹಿಡಿದರು. ಆ ಎಂದರು, ಬೀಜ ಬಿತ್ತು. ಊ, ಈ, ಮ್ ಎಲ್ಲಕ್ಕೂ ಬಿತ್ತು. ಶ್ ಎಂದಾಗ ಮಗು ಕೊಂಚ ತಡೆಯಿತು, ಆಮೇಲೆ ಹಾಕಿತು.

ಆಮೇಲೆ ಸದ್ದೇ ಇಲ್ಲ. ರಟ್ಟು ಬಾಯಿಗೆ ಅಡ್ಡವಾಗಿ ಹಾಗೇ ಇದೆ, ಟೀಚರ್ ಕಣ್ಣು ಮಗುವಿನ ಮೇಲಿದೆ, ನನಗೆ ಏನೂ ಕೇಳುತ್ತಿಲ್ಲ. ಡ್ರೈವರ್ ಮತ್ತೆ ಹೋಯಿತು ಎಂದುಕೊಂಡೆ. ಸವಿತಾಳ ಭುಜ ಮುಟ್ಟಿ, "ಸೌಂಡ್ ಓಯ್ತು ಕಣವ್ವ" ಎಂದೆ.

ಅವಳು ತಿರುಗಿ ನೋಡಲಿಲ್ಲ. ಸುಮ್ಮನಿರಿ ಎಂದು ಕೈ ತೋರಿಸಿದಳು.

ಭುವಿ ಬೀಜ ಹಿಡಿದ ಕೈಯನ್ನು ಕೆನ್ನೆಯ ಹತ್ತಿರ ಇಟ್ಟುಕೊಂಡು, ತಲೆ ಓರೆ ಮಾಡಿ ಕೂತಿತ್ತು. ಆಮೇಲೆ ಲೋಟಕ್ಕೆ ಬೀಜ ಹಾಕಿತು.

ಟೀಚರ್ ರಟ್ಟು ಕೆಳಗಿಟ್ಟು ಎರಡೂ ಕೈ ಎತ್ತಿ ಚಪ್ಪಾಳೆ ತಟ್ಟಿದರು. ಸವಿತಾ ಬಾಯಿಗೆ ಸೆರಗು ಒತ್ತಿಕೊಂಡಳು. ಅವರು ಹೇಳಿದ್ದು ಸ್ ಎಂದು, ಮೂರು ಸಲ ಹೇಳಿದರು, ಮೂರು ಸಲವೂ ಮನೆಯವರಿಗೆಲ್ಲ ಕೇಳಿಸಿತು ಎಂದು ನನಗೆ ಆಮೇಲೆ ಗೊತ್ತಾಯಿತು. ಸೌಂಡ್ ಹೋಗಿರಲಿಲ್ಲ. ಅಷ್ಟು ಸಣ್ಣ ಸದ್ದು ನನ್ನ ಕಿವಿಗೆ ಈಗ ಸಿಗುವುದಿಲ್ಲ, ಅಷ್ಟೆ. ನನ್ನ ಮೊಮ್ಮಗಳಿಗೆ ಸಿಗುತ್ತದೆ. ನನ್ನ ಕಿವಿ ಹೋಯಿತೆಂದು ಇಷ್ಟು ಸಂತೋಷಪಟ್ಟವನು ಈ ತಾಲೂಕಿನಲ್ಲಿ ನಾನೊಬ್ಬನೇ ಇರಬೇಕು. ಮೈಸೂರಿನ ರೂಮಿನ ಮಾತನ್ನು ಟೀಚರ್ ಮತ್ತೆ ಎತ್ತಲಿಲ್ಲ. ಸವಿತಾ ಬಟ್ಟೆಗಳನ್ನು ಬೀರುವಿಗೆ ವಾಪಸ್ಸು ಇಟ್ಟಳು.

ಇಷ್ಟು ವರ್ಷ ನಾನು ಸದ್ದನ್ನು ದೊಡ್ಡದು ಮಾಡುವುದೇ ನನ್ನ ಕೆಲಸ ಎಂದುಕೊಂಡಿದ್ದೆ. ಎಷ್ಟು ಸಣ್ಣ ಸದ್ದು ಸಾಕಾಗುತ್ತದೆ ಎಂದು ಹುಡುಕುವುದೂ ಆ ಕೆಲಸವೇ ಎಂಬುದು ಅದನ್ನು ಬಿಟ್ಟ ಮೇಲೆ ತಿಳಿಯಿತು. ಈಗ ಪಾಠದ ದಿನ ಕಂಪ್ಯೂಟರ್ ಹೊತ್ತಿಸುವುದು ಸವಿತಾ, ವಾಲ್ಯೂಮ್ ಇಡುವುದು ನಾನು. ಸೊನ್ನೆಯಿಂದ ಶುರು ಮಾಡಿ, ಪರದೆ ನೋಡದೆ, ಲೋಟದ ಮೇಲೆ ಕಣ್ಣಿಟ್ಟು ಏರಿಸುತ್ತೇನೆ. ಬೀಜ ಬಿದ್ದ ಕಡೆ ನಿಲ್ಲಿಸುತ್ತೇನೆ.