ಅರಸನ ಮಡು, ಅಗಸನ ಮಡು

ಏಳನೆಯ ಇಯತ್ತೆಯ ಮುಲ್ಕಿ ಪರೀಕ್ಷೆ ಪಾಸಾಗಿ, ಧಾರವಾಡದಲ್ಲಿ ಮಾಸ್ತರಿಕೆಯ ತರಬೇತಿ ಮುಗಿಸಿ, ಹಿರೇಕೆರೂರ ತಾಲೂಕಿನ ಒಂದು ಸಣ್ಣ ಊರಿನ ಸಾಲಿಗೆ ನಾನು ಬಂದಾಗ ನನಗೆ ಇಪ್ಪತ್ತೆರಡು ವರ್ಷ. ಎರಡನೆಯ ಮಹಾಯುದ್ಧ ಶುರುವಾಗಲು ಇನ್ನೂ ಒಂದೆರಡು ವರ್ಷಗಳಿದ್ದವು. ಮಾಸೂರಿನಿಂದ ಎರಡು ಹರದಾರಿ ನಡೆದರೆ ಆ ಊರು. ಅಲ್ಲಿ ನಾನು ಮಕ್ಕಳಿಗೆ ಇತಿಹಾಸ ಕಲಿಸುತ್ತಿದ್ದೆ. ಕಲಿಸುವುದೆಂದರೇನು, ರಾಜರ ಹೆಸರುಗಳನ್ನು ಮಗ್ಗಿಯ ಹಾಗೆ ರಾಗವಾಗಿ ಹೇಳಿಸುವುದು. ಇತಿಹಾಸವೆಲ್ಲ ಬನವಾಸಿಯಲ್ಲೋ ಬಿಜಾಪುರದಲ್ಲೋ ನಡೆದದ್ದು, ನಮ್ಮ ಜೋಳದ ಹೊಲಗಳ ಕಡೆ ಅದು ತಿರುಗಿಯೂ ನೋಡಿಲ್ಲ ಎಂದೇ ನಾನು ನಂಬಿದ್ದೆ.

ಸಂಕ್ರಾಂತಿಯ ಮರುವಾರ ಧಾರವಾಡದ ಒಬ್ಬ ವಿದ್ವಾಂಸರು ಚಕ್ಕಡಿಯಲ್ಲಿ ಬಂದಿಳಿದರು. ಹಾನಗಲ್ಲಿನ, ಅಬಲೂರಿನ ಶಾಸನಗಳನ್ನು ನೋಡಿ ಮುಗಿಸಿ, ನಮ್ಮೂರಲ್ಲೂ ಒಂದು ಬರೆದ ಕಲ್ಲು ಇದೆಯೆಂದು ಯಾರೋ ಹೇಳಿದ್ದರಿಂದ ಇತ್ತ ಹೊರಳಿದ್ದರು. ಅವರ ಜೊತೆ ಸವಣೂರಿನ ಒಬ್ಬ ಮುಸಲ್ಮಾನ ಹಿರಿಯರಿದ್ದರು. ಮೊದಲು ಪುಸ್ತಕಗಳಿಗೆ ರಟ್ಟು ಕಟ್ಟುತ್ತಿದ್ದವರು. ಈಗ ಕಲ್ಲಿನ ಬರಹವನ್ನು ಕಾಗದದ ಮೇಲೆ ಅಚ್ಚು ತೆಗೆಯುವುದು ಅವರ ಕೆಲಸ. ವಿದ್ವಾಂಸರು ಅವರನ್ನು ಚಾಚಾ ಎನ್ನುತ್ತಿದ್ದರು, ನಾನೂ ಹಾಗೇ ಕರೆದೆ. ಇಬ್ಬರೂ ಸಾಲಿಯ ಕೋಣೆಯಲ್ಲೇ ಇಳಿದುಕೊಂಡರು. ಹಲಗೆಯ ಮೇಲಿನ ನನ್ನ ಅಕ್ಷರ ನೋಡಿ ವಿದ್ವಾಂಸರು, “ದುಂಡಗ ಬರೀತೀರಿ ಮಾಸ್ತರ. ನಾ ಓದತೇನಿ, ನೀವು ಬರಕೋರಿ,” ಎಂದರು.

ಕಲ್ಲು ಇದ್ದದ್ದು ಒಬ್ಬ ಮುದುಕಿಯ ಅಂಗಳದಲ್ಲಿ, ಬೇವಿನ ಮರದ ಕೆಳಗೆ. ಊರಿಗೆಲ್ಲ ಅವಳು ಆಯಿ. ಅದೇ ಊರಲ್ಲಿ ಹುಟ್ಟಿ, ಸೋದರಮಾವನ ಮಗನನ್ನು ಮದುವೆಯಾಗಿ, ಅದೇ ಊರಲ್ಲಿ ವಿಧವೆಯಾದವಳು. ಕಲ್ಲಿನ ನೆತ್ತಿಯಲ್ಲಿ ಲಿಂಗ, ಆಕಳು ಕರು, ಸೂರ್ಯ ಚಂದ್ರ ಇದ್ದವು. ಆಯಿ ಅದನ್ನು ಕಲ್ಲಪ್ಪ ಎಂದು ಕರೆದು ಸೋಮವಾರಕ್ಕೊಮ್ಮೆ ದೀಪ ಹಚ್ಚುತ್ತಿದ್ದಳು. ಚಾಚಾ ಗಂಟು ಬಿಚ್ಚಿ ಮಸಿಯ ಡಬ್ಬಿ ತೆಗೆದದ್ದೇ ತಡ, ಅವಳು ಬಂದು ಕಲ್ಲಿಗೆ ಅಡ್ಡ ನಿಂತಳು.

“ನಮ್ಮ ಕಲ್ಲಪ್ಪಗ ಮಸಿ ಬಳೀತೀರೇನ್ರೀ? ಅದೊಂದ ಬ್ಯಾಡ್ರೀ.”

“ಮಸಿ ಕಾಗದಕ್ಕ ಹತ್ತತೈತ್ರೀ ಅವ್ವಾ, ಕಲ್ಲಿಗೆ ಒಂದ ಹನಿ ಸೈತ ಬೀಳಂಗಿಲ್ಲ,” ಎಂದರು ಚಾಚಾ.

ವಾದ ಮಾಡಲಿಲ್ಲ ಅವರು. ಅಂಗೈ ಅಗಲದ ಕಾಗದವನ್ನು ನೀರಲ್ಲಿ ಅದ್ದಿ, ಆಯಿಯ ಮನೆಯ ಬಾಗಿಲ ಚೌಕಟ್ಟಿನಲ್ಲಿ ಕೊರೆದಿದ್ದ ಹೂವಿನ ಮೇಲೆ ಹಚ್ಚಿ, ಕುಂಚದಿಂದ ಬಡಿದು, ಮಸಿ ಬಟ್ಟೆಯನ್ನು ಮೆಲ್ಲಗೆ ತಟ್ಟಿದರು. ಕಪ್ಪು ಕಾಗದದಲ್ಲಿ ಹೂವು ಬೆಳ್ಳಗೆ ಅರಳಿತು. ಆಯಿ ಕಾಗದವನ್ನು ತಿರುಗಿಸಿ ನೋಡಿದಳು, ಚೌಕಟ್ಟನ್ನು ಬೆರಳಿನಿಂದ ಒರೆಸಿ ನೋಡಿದಳು. ಬೆರಳಿಗೆ ಮಸಿ ಹತ್ತಲಿಲ್ಲ. “ತಡೀರಿ, ಮೊದಲ ದೀಪಾ ಹಚ್ಚತೇನಿ,” ಎಂದು ಒಳಗೆ ಹೋದಳು.

ಆಳೆತ್ತರದ ಕಲ್ಲನ್ನು ತೊಳೆದು, ಒದ್ದೆ ಕಾಗದ ಹೊದಿಸಿ, ಚಾಚಾ ಬಡಿಯತೊಡಗಿದರು. ಕಾಗದ ಕಲ್ಲಿನ ತಗ್ಗುಗಳಿಗೆಲ್ಲ ಇಳಿದು ಕೂತಿತು. ಅರೆ ಒಣಗಿದ ಮೇಲೆ ಮಸಿ ತಟ್ಟಿದರು. ಸಾಲು ಸಾಲಾಗಿ ಬಿಳಿಯ ಅಕ್ಷರಗಳು ಎದ್ದು ಬಂದವು. ದಿನಾ ಆ ಕಲ್ಲಿನ ಮುಂದೆಯೇ ನಾನು ಸಾಲಿಗೆ ಹೋಗುತ್ತಿದ್ದೆ. ಮಳೆಗೆ ಸವೆದ ಗೀರುಗಳೆಂದು ತಿಳಿದಿದ್ದೆ. ಮೊದಲ ಸಾಲಿನಲ್ಲಿ ‘ಸ್ವಸ್ತಿ’ ಎಂಬುದನ್ನು ನಾನೇ ಕೂಡಿಸಿ ಓದಿದಾಗ ಮೈಮೇಲಿನ ಕೂದಲು ನಿಂತವು. ನಾಲ್ಕು ಸಾಲು ಕೆಳಗೆ ‘ಕೆ’ ಎಂಬ ಅಕ್ಷರ. ನಾನು ಹಲಗೆಯ ಮೇಲೆ ಮಕ್ಕಳಿಗೆ ಬರೆಸುವ ‘ಕೆ’ಯ ಮುತ್ತಜ್ಜಿ ಅದು.

ವಿದ್ವಾಂಸರು ಕಲ್ಲಿನಿಂದ ಬಿಡಿಸಿ ಹರವಿದ ಕಾಗದದ ಎದುರು ಕೂತು ಓದತೊಡಗಿದರು. ಊರಿನ ಕೆರೆಯನ್ನು ವರ್ಷಾ ವರ್ಷಾ ದುರಸ್ತಿ ಮಾಡಲೆಂದು ಯಾರೋ ಭೂಮಿ ಬಿಟ್ಟಿದ್ದರು. ಆ ಭೂಮಿಯ ನಾಲ್ಕು ಎಲ್ಲೆಗಳನ್ನು ಕಲ್ಲಿನಲ್ಲಿ ಬರೆಸಿದ್ದರು. ಬಡಗಲಿಗೆ ಕೆರೆಯೇ ಎಲ್ಲೆ. ಏಳೆಂಟು ನೂರು ವರ್ಷದ ಹಿಂದಿನ ಮಾತು ಎಂದು ಅವರು ಹೇಳಿದರು. ಆಯಿ ಕಟ್ಟೆಯ ಮೇಲೆ ಕೂತು ಮೊರದಲ್ಲಿ ಜೋಳ ಹಸನು ಮಾಡುತ್ತಿದ್ದಳು.

“ಮೂಡಲು ಪುಲಿಯ ಮೊರಡಿ,” ಎಂದು ಓದಿದರು ವಿದ್ವಾಂಸರು.

ಆಯಿಯ ಮೊರ ನಿಂತಿತು. “ಹುಲಿ ಮರಡಿ ಅಂದಿರೇನ್ರೀ? ನಾವು ದನಾ ಬಿಡೋ ಗುಡ್ಡ ಅದು.”

ವಿದ್ವಾಂಸರು ತಲೆಯೆತ್ತಿ ಅವಳನ್ನು ನೋಡಿ ಮುಂದೆ ಓದಿದರು. “ತೆಂಕಲು ಬಿಳಿಯ ನೆಲ.”

“ಬಿಳಿನೆಲ. ನಮ್ಮ ತವರವರ ಹೊಲದ ಆಚಿ ಮಗ್ಗಲ ಐತಿ. ಅಲ್ಲಿ ಶೇಂಗಾ ಚಲೋ ಬರ್ತೈತಿ.”

ನನ್ನ ಕೈಯ ಸೀಸಕಡ್ಡಿ ಹಾಗೇ ನಿಂತುಬಿಟ್ಟಿತ್ತು. ಒಂದಕ್ಷರ ಬಾರದ ಮುದುಕಿ, ಕಲ್ಲು ಒಂದು ಹೆಸರು ಹೇಳಿದರೆ ಅದರ ಜೋಡಿಯನ್ನು ತಾನು ಹೇಳುತ್ತಿದ್ದಳು. ಹಳೆಗನ್ನಡದ ‘ಪ’ ಈಗ ‘ಹ’ ಆಗಿದೆಯೆಂದು ತರಬೇತಿಯಲ್ಲಿ ಬಾಯಿಪಾಠ ಮಾಡಿದ್ದೆ. ಅದು ಒಂದು ಬಾಯಿಯಿಂದ ಇನ್ನೊಂದು ಬಾಯಿಗೆ ದಾಟುವುದನ್ನು ಕೇಳಿದ್ದು ಅಂದೇ.

“ಪಡುವಲು ಅರಸನ ಮಡು,” ಎಂದರು ವಿದ್ವಾಂಸರು.

ಆಯಿ ನಕ್ಕಳು. “ಅಲ್ರೀ ಸಾಹೇಬರ. ಪಡುವಲಕ್ಕ ಇರೋದು ಅಗಸನ ಮಡುವು.”

“ಕಲ್ಲಿನಾಗ ಅರಸ ಅಂತ ಐತ್ರೀ ಅವ್ವಾ. ಹಿಂದಕ ಯಾವನೋ ರಾಜಾ ಅಲ್ಲಿ ಇಳಕೊಂಡಿರಬೇಕು.”

“ಅರಸ ಅಲ್ಲಿಗೆ ಯಾಕ ಬರ್ತಾನ್ರೀ? ಮೊಳಕಾಲ ಮಟಾ ರಾಡಿ ಐತಿ.”

ನನಗೆ ಸಂಕೋಚವಾಯಿತು. “ಆಯಿ, ಸುಮ್ನಿರ್ರಿ. ಅವರು ದೊಡ್ಡ ಓದಿದವರು,” ಎಂದೆ. ವಿದ್ವಾಂಸರು ಕೈಯೆತ್ತಿ ನನ್ನನ್ನೇ ಸುಮ್ಮನಿರಿಸಿದರು. ಎದ್ದು ಕಲ್ಲಿನ ಹತ್ತಿರ ಹೋಗಿ ಆ ಸಾಲನ್ನು ಹುಡುಕಿದರು. ಅರಸ, ಅಗಸ: ನಡುವೆ ಒಂದೇ ಅಕ್ಷರದ ಅಂತರ. ಹಳೆಯ ಬರಹದಲ್ಲೂ ‘ರ’ ಎಂದರೆ ಮುಚ್ಚಿದ ಸುತ್ತು, ‘ಗ’ ಎಂದರೆ ಕೆಳಗೆ ತೆರೆದ ಸುತ್ತು. ಕಲ್ಲಿನಲ್ಲಿ ಆ ಸುತ್ತಿನ ಕೆಳಗೆ ಗೆರೆ ಸ್ಪಷ್ಟವಾಗಿಯೇ ಇತ್ತು.

“ಚಾಚಾ, ನೀವೊಮ್ಮೆ ನೋಡ್ರಿ,” ಎಂದರು.

ಚಾಚಾ ಕಣ್ಣು ಮುಚ್ಚಿ, ತೋರುಬೆರಳಿನ ತುದಿಯನ್ನು ಅಕ್ಷರದೊಳಗೆ ಮೆಲ್ಲಗೆ ಆಡಿಸಿದರು. ಒಮ್ಮೆ, ಮತ್ತೊಮ್ಮೆ. “ಸುತ್ತಿನ ಗೆರಿ ಉಳೀಲೆ ಹೊಡದದ್ದ್ರೀ, ಆಳ ಐತಿ. ಕೆಳಗಿಂದು ಉಳೀದಲ್ಲ. ತೆಳ್ಳಗೈತಿ, ಓರಿ ಹೋಗೇತಿ. ಇದು ಕಬ್ಬಿಣಾ ಮಸದ ಗೀರು.”

ಆಗ ನಮಗೂ ಕಂಡಿತು. ಅಂಥವೇ ಓರೆ ಗೀರುಗಳು ಪಕ್ಕದಲ್ಲಿ ಇನ್ನೂ ಐದಾರು ಇದ್ದವು. ಆಯಿ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. “ನಮ್ಮ ಮಾವ ಇದಕ್ಕ ಕುಡಗೋಲು ಮಸೀತಿದ್ದಾ. ಆಮ್ಯಾಲ ಕನಸಿನಾಗ ಕಲ್ಲಪ್ಪ ಬಂದಾಂತ ಬಿಟ್ಟ.”

ವಿದ್ವಾಂಸರು ನನ್ನ ವಹಿ ಇಸಿದುಕೊಂಡು ‘ಅರಸನ’ ಎಂಬುದನ್ನು ಹೊಡೆದು ‘ಅಗಸನ’ ಎಂದು ಬರೆದರು. ಆಯಿಯ ಪೂರ್ತಿ ಹೆಸರು ಕೇಳಿ ಮಗ್ಗುಲಲ್ಲಿ ಬರೆದು, ಇವರು ಹೇಳಿದಂತೆ ತಿದ್ದಿದೆ ಎಂದು ಸಹಿ ಮಾಡಿದರು.

ಮರುದಿನ ಬೆಳಿಗ್ಗೆ ಆಯಿ ಕೋಲು ಹಿಡಿದು ಮುಂದೆ, ನಾವು ಮೂವರು ಹಿಂದೆ. ಎಲ್ಲೆಯ ಗುಂಟ ನಡೆದೆವು. ಹುಲಿ ಮರಡಿ ಹತ್ತಿದೆವು, ಬಿಳಿನೆಲ ದಾಟಿದೆವು. ಪಶ್ಚಿಮಕ್ಕೆ ಇಳಿಯುವಾಗಲೇ ಬಟ್ಟೆ ಒಗೆಯುವ ಸಪ್ಪಳ ಕೇಳಿಸಿತು. ಹಳ್ಳ ತಿರುಗುವಲ್ಲಿ ನೀರು ಆಳವಾಗಿ ನಿಂತಿತ್ತು. ದಂಡೆಯಲ್ಲಿ ಮಡಿವಾಳ ಗಂಡ ಹೆಂಡತಿ ನಮ್ಮೂರಿನ ಬಟ್ಟೆ ಒಗೆಯುತ್ತಿದ್ದರು. ಕಲ್ಲಿನ ಮೇಲೆ ಹಿಂಡಿಟ್ಟಿದ್ದ ಧೋತರಗಳಲ್ಲಿ ನನ್ನದೂ ಒಂದಿತ್ತು.

ವಿದ್ವಾಂಸರು ಚಪ್ಪಲಿ ಕಳಚಿ ನಿಂತರು. ಆಮೇಲೆ ಕೇಳಿದರು, “ಎಷ್ಟ ವರ್ಷಾತಪಾ ಇಲ್ಲೆ ಒಗ್ಯಾಕತ್ತು?”

“ನಮ್ಮಪ್ಪ ಇಲ್ಲೇ ಒಗದ್ರೀ, ಅವರಪ್ಪನೂ ಇಲ್ಲೇ. ಅದರ ಹಿಂದಿಂದು ಯಾರ ಬಲ್ಲರ್ರೀ?” ಎಂದ ಮಡಿವಾಳ.

ಕಲ್ಲಿನಲ್ಲಿ ಬರೆದದ್ದನ್ನು ಅವರಿಗೆ ಹೇಳಿದೆವು. ಕೈಯಲ್ಲಿದ್ದ ಬಟ್ಟೆ ನೀರಿಗೆ ಬಿದ್ದದ್ದೂ ಹೆಂಡತಿಗೆ ತಿಳಿಯಲಿಲ್ಲ. ಗಂಡ ಓಡಿ ಹಿಡಿದ. “ನಮ್ಮ ಸುದ್ದಿ ಕಲ್ಲಿನ ಮ್ಯಾಲ ಬರದಾರ್ರೀ?” ಎಂದಳು.

“ಇವರ ಹಿರೇರೇ ಏನ್ರೀ ಅವರು?” ಎಂದು ನಾನು ವಿದ್ವಾಂಸರನ್ನು ಮೆಲ್ಲಗೆ ಕೇಳಿದೆ.

“ಅದು ಗೊತ್ತಿಲ್ಲ ಮಾಸ್ತರ. ಗೊತ್ತಿಲ್ಲದ್ದನ್ನ ಬರೀಬಾರದು. ನೀರು ಇದೇ, ಕೆಲಸ ಇದೇ, ಹೆಸರು ಇದೇ. ಇಷ್ಟು ಬರೀರಿ,” ಎಂದರು.

ಮಧ್ಯಾಹ್ನ ಗಂಡ ಹೆಂಡತಿ ಆಯಿಯ ಅಂಗಳಕ್ಕೆ ಬಂದರು. ಚಾಚಾ ತೋರಿಸಿದಂತೆ ಆ ಹೆಣ್ಣುಮಗಳು ನೀರಲ್ಲಿ ನೆನೆದು ಸುಕ್ಕಾದ ಬೆರಳನ್ನು ಅಕ್ಷರಗಳ ಮೇಲೆ ಒಂದೊಂದಾಗಿ ಇಟ್ಟಳು. ಅ, ಗ, ಸ, ನ. ನಾಲ್ಕು ಸಲ ಓದಿದಳು. ಸಾಲಿಯ ಮೆಟ್ಟಿಲು ಹತ್ತದ ಅವಳು ಓದಲು ಕಲಿತ ಮೊದಲ ಮಾತು ಅದು.

ಆ ಸಂಜೆ ಅತಿಥಿಗಳಿಬ್ಬರೂ ಶಿಗ್ಗಾಂವಿಯ ಕಡೆ ಹೊರಟರು. ಆಮೇಲೆ ಯುದ್ಧ ಬಂತು, ಕಾಗದ ಸಿಗದಾಯಿತು, ಮತ್ತೆ ಯಾರೂ ಆ ಕಲ್ಲನ್ನು ಕೇಳಿಕೊಂಡು ಬರಲಿಲ್ಲ. ಆದರೆ ಅವರು ಹೋದ ಮುಂದಿನ ರವಿವಾರವೇ ನಾನು ಆಯಿಯ ಕಟ್ಟೆಗೆ ಹೋಗಿದ್ದೆ. ಅವಳನ್ನು ಸುಮ್ಮನಿರಿಸಿದ್ದಕ್ಕೆ ತಪ್ಪಾಯಿತು ಎಂದೆ.

“ನೀವು ಅಂದದ್ದು ಕೇಳಸಲೇ ಇಲ್ಲ ಮಾಸ್ತರ,” ಎಂದಳು. “ನಾ ಹುಲಿ ಮರಡಿ ನೆನಸಾಕತ್ತಿದ್ದೆ.”

ಊರಿನ ಉಳಿದ ಹೊಲಗಳ ಹೆಸರು ಹೇಳುವಿರಾ ಎಂದು ಕೇಳಿ ವಹಿ ಬಿಚ್ಚಿದೆ. ಅವಳು ಕಣ್ಣು ಮುಚ್ಚಿ, ಕೂತಲ್ಲೇ ನಡೆಯತೊಡಗಿದಳು. ಊರ ಅಗಸಿ ಬಾಗಿಲಿನಿಂದ ಹೊರಬಿದ್ದು, ಕೆರೆಯ ಏರಿ ಹತ್ತಿ, ಒಂದೊಂದು ಹೊಲದ ಬದುವಿನಲ್ಲಿ ನಿಂತು ಹೆಸರು ಹೇಳುತ್ತಿದ್ದಳು. ಯಾವ ಕಲ್ಲಿನಲ್ಲೂ ಇಲ್ಲದ ಹೆಸರುಗಳು. ನನ್ನ ಕೈ ಸೋತು ಹಿಂದೆ ಬಿದ್ದಾಗ ಅವಳು ಅಲ್ಲೇ ಬದುವಿನ ಮೇಲೆ ನಿಂತು ಕಾಯುತ್ತಿದ್ದಳು.

“ಬರಕೊಂಡ್ರಿಲ್ಲೋ? ಹಂಗಾರ ಬರ್ರಿ, ಈಗ ಹಳ್ಳಾ ದಾಟೂಣು.”